ಹಾಲರನ ಮುಕ್ಕಾಲಿ

ಜರ್ಮನ್ ಸಾಹಿತ್ಯದ ಚರಿತ್ರೆಯನ್ನು ಓದುವವರಿಗೆ ಹದಿನೆಂಟನೆಯ ಶತಮಾನದ ಹೊಸ್ತಿಲಲ್ಲಿಯೇ ಹಾಲರ್ ಎಂಬ ಕವಿ ಎದುರಾಗುತ್ತಾನೆ. ಆಲ್ಪ್ಸ್ ಪರ್ವತಗಳನ್ನು ಕುರಿತು ಒಂದು ದೀರ್ಘ ಕವನವನ್ನು ಬರೆದವನು ಎಂದು ನಾಲ್ಕು ಪಂಕ್ತಿಗಳಲ್ಲಿ ಅವನ ಪ್ರಸ್ತಾಪವನ್ನು ಮುಗಿಸಿ ಚರಿತ್ರೆಕಾರರು ಮುಂದಿನ ದೊಡ್ಡ ಹೆಸರುಗಳ ಕಡೆಗೆ ಹೊರಟುಬಿಡುತ್ತಾರೆ. ವೈದ್ಯಕೀಯ ಕಾಲೇಜಿನ ಮೊದಲ ವರ್ಷದ ವಿದ್ಯಾರ್ಥಿಗಳಿಗೂ ಇದೇ ಹೆಸರು ಎದುರಾಗುತ್ತದೆ, ಆದರೆ ಶವಚ್ಛೇದನದ ಮೇಜಿನ ಬಳಿಯಲ್ಲಿ. ನಮ್ಮ ಜಠರಕ್ಕೆ ರಕ್ತವನ್ನು ತರುವ ಮೂಲಧಮನಿ ಒಂದುಂಟು. ಅದು ಹುಟ್ಟಿದ ಸ್ವಲ್ಪ ದೂರದಲ್ಲಿಯೇ ಮೂರಾಗಿ ಒಡೆಯುತ್ತದೆ. ಆ ಮೂರು ಕವಲುಗಳ ಕೂಟವನ್ನು ಹಾಲರನ ಮುಕ್ಕಾಲಿ ಎಂದು ಕರೆಯುವ ವಾಡಿಕೆ ಶರೀರಶಾಸ್ತ್ರದ ಗ್ರಂಥಗಳಲ್ಲಿ ಇಂದಿಗೂ ಇದೆ. ಪರ್ವತದ ಕವಿಯೂ ಧಮನಿಯ ಈ ಹಾಲರನೂ ಒಬ್ಬನೇ. ಸಾಹಿತ್ಯದ ಮೇಷ್ಟರಿಗೆ ಧಮನಿ ಬೇಕಿಲ್ಲ, ವೈದ್ಯರಿಗೆ ಕವನ ಬೇಕಿಲ್ಲ. ಹೀಗಾಗಿ ಒಬ್ಬನೇ ಮನುಷ್ಯ ಎರಡು ಊರುಗಳಲ್ಲಿ ಅರ್ಧರ್ಧ ಬಾಳುತ್ತಿದ್ದಾನೆ. ನಾನು ಮೊದಲನೆಯ ಊರಿನವನು, ಸಾಹಿತ್ಯದ ಪಾಠ ಹೇಳಿ ಕಾಲ ಕಳೆದವನು. ವೈದ್ಯಮಿತ್ರರ ಕೃಪೆಯಿಂದ ಎರಡನೆಯ ಊರಿಗೂ ಹಲವು ಸಲ ಹೋಗಿ ಬಂದಿದ್ದೇನೆ. ಎರಡು ಅರ್ಧಗಳನ್ನೂ ಒಂದೆಡೆ ಇಟ್ಟು ನೋಡುವ ಆಸೆಯಿಂದ ಇದನ್ನು ಬರೆಯುತ್ತಿದ್ದೇನೆ.

ಆಲ್‌ಬ್ರೆಕ್ಟ್ ಫಾನ್ ಹಾಲರ್ ೧೭೦೮ನೆಯ ಇಸವಿ ಅಕ್ಟೋಬರ್ ೧೬ರಂದು ಸ್ವಿಟ್ಸರ್ಲೆಂಡಿನ ಬೆರ್ನ್ ನಗರದಲ್ಲಿ ಜನಿಸಿದನು. ಹೆಸರಿನ ನಡುವಿನ ಫಾನ್ ಎಂಬುದು ಹುಟ್ಟಿನಿಂದ ಬಂದುದಲ್ಲ, ೧೭೪೯ರಲ್ಲಿ ಚಕ್ರವರ್ತಿಯಿಂದ ದೊರೆತ ಮರ್ಯಾದೆ. ತಾಯಿಯನ್ನು ಎಳವೆಯಲ್ಲಿಯೇ ಕಳೆದುಕೊಂಡನು. ನ್ಯಾಯವಾದಿಯಾಗಿದ್ದ ತಂದೆ ೧೭೨೧ರಲ್ಲಿ ತೀರಿಕೊಂಡನು. ಹುಡುಗ ನಿತ್ಯರೋಗಿ. ಓರಗೆಯವರೊಡನೆ ಆಡಲಾರದೆ ಒಳಗೆ ಕುಳಿತವನಿಗೆ ಪುಸ್ತಕಗಳೇ ಅಂಗಳವಾದುವು. ಹತ್ತು ತುಂಬುವುದರೊಳಗೆ ಗ್ರೀಕ್ ಮತ್ತು ಹೀಬ್ರೂ ಭಾಷೆಗಳಿಗೆ ಪದಕೋಶಗಳನ್ನು ಕಟ್ಟಿದನೆಂದೂ, ಕಾಲ್ಡಿಯ ಭಾಷೆಗೆ ವ್ಯಾಕರಣದ ಕರಡನ್ನು ತಯಾರಿಸಿದನೆಂದೂ, ಎರಡು ಸಾವಿರ ಮಂದಿ ಪ್ರಸಿದ್ಧರ ಜೀವನಚರಿತ್ರೆಗಳನ್ನು ಸಂಗ್ರಹಿಸಿದನೆಂದೂ ಹೇಳುತ್ತಾರೆ. ಇಂತಹ ಬಾಲಪ್ರತಿಭೆಯ ಕಥೆಗಳಲ್ಲಿ ಅರ್ಧಕ್ಕೆ ಅರ್ಧ ಕಳೆದರೂ ಉಳಿಯುವುದು ಕಡಮೆಯಲ್ಲ. ಮನೆಪಾಠದ ಉಪಾಧ್ಯಾಯನು ಹುಡುಗನ ಮನಸ್ಸು ಎಲ್ಲೆಲ್ಲೋ ಅಲೆಯುತ್ತದೆಂದು ಗದರಿಸಿದುದಕ್ಕೆ ಲ್ಯಾಟಿನ್ ಪದ್ಯದಲ್ಲಿ ಅವನನ್ನೇ ಅಣಕಿಸಿ ಬರೆದನಂತೆ. ಈ ಸಂಗತಿಯನ್ನು ನಾನು ಪೂರ್ತಿಯಾಗಿ ನಂಬುತ್ತೇನೆ, ಉಪಾಧ್ಯಾಯನಾದುದರಿಂದ.

ತಂದೆ ಹೋದ ಮೇಲೆ ಹುಡುಗನು ಕೆಲವು ಕಾಲ ಬೀಲ್ ಎಂಬ ಊರಿನಲ್ಲಿ ಒಬ್ಬ ವೈದ್ಯನ ಮನೆಯಲ್ಲಿದ್ದನು. ವೈದ್ಯವಿದ್ಯೆಯ ಕಡೆಗೆ ಮನಸ್ಸು ತಿರುಗಿದುದು ಅಲ್ಲಿ. ೧೭೨೩ರ ಕೊನೆಗೆ, ಹದಿನೈದರ ಪ್ರಾಯದಲ್ಲಿ, ಜರ್ಮನಿಯ ಟ್ಯೂಬಿಂಗನ್ ವಿಶ್ವವಿದ್ಯಾನಿಲಯವನ್ನು ಸೇರಿದನು. ಅಲ್ಲಿಯ ಪಾಠ ರುಚಿಸಲಿಲ್ಲ. ಆ ಕಾಲದಲ್ಲಿ ಯೂರೋಪಿನ ವೈದ್ಯರಿಗೆಲ್ಲ ಕಾಶಿಯಂತಿದ್ದುದು ಹಾಲೆಂಡಿನ ಲೈಡನ್ ನಗರ. ಬೂರ್‌ಹಾವ ಎಂಬ ಮಹಾಗುರು ಅಲ್ಲಿ ಕೀರ್ತಿಯ ಶಿಖರದಲ್ಲಿದ್ದನು. ಅವನ ಪಕ್ಕದಲ್ಲಿ ತರುಣನಾದ ಆಲ್ಬೀನಸ್ ಅಂಗರಚನೆಯ ಪಾಠ ಹೇಳುತ್ತಿದ್ದನು. ಹಾಲರ್ ೧೭೨೫ರಲ್ಲಿ ಲೈಡನ್ನಿಗೆ ಹೋಗಿ ೧೭೨೭ರ ಮೇ ತಿಂಗಳಲ್ಲಿ ವೈದ್ಯಪದವಿಯನ್ನು ಪಡೆದನು. ಇನ್ನೂ ಹತ್ತೊಂಬತ್ತು ತುಂಬಿರಲಿಲ್ಲ.

ಪದವಿಗಾಗಿ ಬರೆದ ಪ್ರಬಂಧದ ವಿಷಯವನ್ನು ಇಲ್ಲಿ ಹೇಳಬೇಕು. ಕಾಶ್‌ವಿಟ್ಸ್ ಎಂಬ ಜರ್ಮನ್ ಪ್ರಾಧ್ಯಾಪಕನು ನಾಲಗೆಯಲ್ಲಿ ಜೊಲ್ಲುನೀರಿನ ಹೊಸ ನಾಳವೊಂದನ್ನು ಕಂಡುಹಿಡಿದೆನೆಂದು ಸಾರಿದ್ದನು. ಅದು ಜೊಲ್ಲಿನ ನಾಳವೇ ಅಲ್ಲ, ಬರಿಯ ರಕ್ತನಾಳ ಎಂದು ಹುಡುಗನಾದ ಹಾಲರ್ ತೋರಿಸಿಕೊಟ್ಟನು. ಮುಂದೆ ಅರ್ಧ ಶತಮಾನದ ಕಾಲ ನಡೆದ ಕೆಲಸದ ರೀತಿಯೆಲ್ಲ ಈ ಮೊದಲ ಹೆಜ್ಜೆಯಲ್ಲಿಯೇ ಇದೆ. ಹಿರಿಯರು ಹೇಳಿದ್ದಾರೆ ಎಂಬುದು ಈತನಿಗೆ ಸಾಲದು. ನಾಳವು ಎಲ್ಲಿ ಹುಟ್ಟುತ್ತದೆ, ಯಾವ ದಾರಿಯಲ್ಲಿ ಹೋಗುತ್ತದೆ, ಎಲ್ಲಿ ಸೇರುತ್ತದೆ ಎಂಬುದನ್ನು ಕತ್ತಿ ಹಿಡಿದು ಕೊನೆಯವರೆಗೆ ಹಿಂಬಾಲಿಸಿ ನೋಡಬೇಕು.

ಅಲ್ಲಿಂದ ಲಂಡನ್, ಪ್ಯಾರಿಸ್. ಲಂಡನ್ನಿನಲ್ಲಿ ಶಸ್ತ್ರವೈದ್ಯರ ಪರಿಚಯ, ಪ್ಯಾರಿಸ್ಸಿನಲ್ಲಿ ವಿನ್‌ಸ್ಲೋ ಎಂಬ ಅಂಗರಚನಾಪಂಡಿತನ ಶಿಷ್ಯತ್ವ. ಪ್ಯಾರಿಸ್ಸಿನ ಬಿಡಾರದಲ್ಲಿ ಗುಟ್ಟಾಗಿ ಶವಗಳನ್ನು ಕೊಯ್ಯುತ್ತಿದ್ದುದು ನೆರೆಯವರಿಗೆ ಗೊತ್ತಾಗಿ ಅವಸರದಿಂದ ಊರು ಬಿಡಬೇಕಾಯಿತೆಂದು ಕಥೆಯುಂಟು. ೧೭೨೮ರಲ್ಲಿ ಬಾಸೆಲ್ ನಗರಕ್ಕೆ ಬಂದು ಯೋಹಾನ್ ಬರ್ನೂಲಿಯಲ್ಲಿ ಗಣಿತವನ್ನು ಕಲಿತನು. ಅದೇ ಬೇಸಗೆಯಲ್ಲಿ ಗೆಸ್ನರ್ ಎಂಬ ಗೆಳೆಯನೊಡನೆ ಆಲ್ಪ್ಸ್ ಪರ್ವತಗಳಲ್ಲಿ ಸುತ್ತಾಡಿದನು. ಹೊರಟುದು ಗಿಡಮೂಲಿಕೆಗಳನ್ನು ಆರಿಸುವುದಕ್ಕೆ, ತಂದುದು ಕವನವನ್ನು. ೧೭೨೯ರ ಮಾರ್ಚಿಯಲ್ಲಿ ಮುಗಿದು ೧೭೩೨ರಲ್ಲಿ ಅಚ್ಚಾದ ಆಲ್ಪ್ಸ್ ಕವನದಲ್ಲಿ ಹತ್ತು ಹತ್ತು ಪಂಕ್ತಿಗಳ ನಲವತ್ತೊಂಬತ್ತು ಪದ್ಯಗಳಿವೆ. ಅದಕ್ಕೆ ಹಿಂದೆ ಯೂರೋಪಿನ ಜನ ಆ ಪರ್ವತಗಳನ್ನು ದಾರಿಗೆ ಅಡ್ಡಬಂದ ಕಲ್ಲುಬಂಡೆಗಳೆಂದೇ ಬಗೆಯುತ್ತಿದ್ದರು. ಹಿಮದ ನಡುವೆ ದನ ಮೇಯಿಸಿ ಗಿಣ್ಣು ಕಾಸಿ ಬದುಕುವ ಬಡಜನರ ಬಾಳು ಪಟ್ಟಣದ ಬಾಳಿಗಿಂತ ಹಸನಾದುದು ಎಂದು ಹಾಲರ್ ಹಾಡಿದ ಮೇಲೆ ನೋಡುವ ಕಣ್ಣು ಬದಲಾಯಿತು. ರೂಸೋ ಬಂದುದು ಇದಕ್ಕೆ ಒಂದು ತಲೆಮಾರು ತರುವಾಯ.

ಅದೇ ೧೭೨೯ರಲ್ಲಿ ಇನ್ನೊಂದು ಕೆಲಸವನ್ನೂ ಮಾಡಿದನು. ಬಾಲ್ಯದಿಂದ ಬರೆದಿಟ್ಟ ಪದ್ಯಗಳು, ನಾಟಕಗಳು, ಸ್ವಿಸ್ ಒಕ್ಕೂಟದ ಹುಟ್ಟನ್ನು ಕುರಿತ ನಾಲ್ಕು ಸಾವಿರ ಪಂಕ್ತಿಗಳ ಮಹಾಕಾವ್ಯ ಎಲ್ಲವನ್ನೂ ತನ್ನ ಕೈಯಿಂದಲೇ ಬೆಂಕಿಗೆ ಹಾಕಿದನು. ಒಮ್ಮೆ ಮನೆಗೆ ಬೆಂಕಿ ಬಿದ್ದಾಗ ಇದೇ ಹಸ್ತಪ್ರತಿಗಳನ್ನು ಪ್ರಾಣದ ಹಂಗು ತೊರೆದು ಉಳಿಸಿಕೊಂಡಿದ್ದನಂತೆ. ಇಷ್ಟು ನಿರ್ದಯವಾಗಿ ತನ್ನನ್ನು ತಾನೇ ವಿಮರ್ಶಿಸಿಕೊಂಡ ತರುಣಕವಿಗಳು ಎಲ್ಲ ಭಾಷೆಗಳಲ್ಲಿಯೂ ವಿರಳ.

ಆಲ್ಪ್ಸ್ ಕವನದಲ್ಲಿ ಹೂಗಳನ್ನು ವರ್ಣಿಸುವ ಭಾಗ ಒಂದಿದೆ. ಎತ್ತರದ ಹಳದಿಯ ಜೆಂಷನ್ ಗಿಡ, ಅದರ ಕೆಳಗೆ ನೀಲಿಯ ಬಳಗ, ಎಲೆಯ ನರ, ಹೂದಳದ ಹೊಳಪು, ಒಂದನ್ನೂ ಬಿಡದೆ ಎಣಿಸುತ್ತಾ ಹೋಗುತ್ತಾನೆ. ಅಡಿಟಿಪ್ಪಣಿಯಲ್ಲಿ ಗಿಡಗಳ ಶಾಸ್ತ್ರನಾಮಗಳು ಬೇರೆ. ೧೭೬೬ರಲ್ಲಿ ಲೆಸ್ಸಿಂಗ್ ಎಂಬ ಮಹಾವಿಮರ್ಶಕನು ಲಾವೊಕೂನ್ ಎಂಬ ತನ್ನ ಗ್ರಂಥದಲ್ಲಿ ಈ ಭಾಗವನ್ನೇ ಎತ್ತಿಕೊಂಡನು. ಚಿತ್ರದಲ್ಲಿ ಅಂಗಗಳೆಲ್ಲ ಏಕಕಾಲದಲ್ಲಿ ಕಣ್ಣಿಗೆ ಬೀಳುತ್ತವೆ. ಮಾತಿನಲ್ಲಿಯಾದರೋ ಒಂದರ ಮೇಲೊಂದಾಗಿ ಬರುತ್ತವೆ, ಕೊನೆಯ ಅಂಗಕ್ಕೆ ಬರುವಷ್ಟರಲ್ಲಿ ಮೊದಲನೆಯದು ಮರೆತಿರುತ್ತದೆ, ಬಿಡಿಗಳು ಕೂಡಿ ಇಡಿಯಾಗುವುದಿಲ್ಲ ಎಂಬುದು ಅವನ ವಾದ. ಮಹಾಕಾವ್ಯಕ್ಕೆ ಹದಿನೆಂಟು ವರ್ಣನೆಗಳು ಬೇಕೆಂದು ಕಟ್ಟುಮಾಡಿಕೊಂಡಿದ್ದ ನಮ್ಮ ಹಳೆಯ ಕವಿಗಳ ವನವರ್ಣನೆಗಳನ್ನು ಪಾಠ ಹೇಳುವಾಗ ತರಗತಿಯ ಕಣ್ಣುಗಳು ಮೆಲ್ಲಗೆ ಮುಚ್ಚುವುದನ್ನು ನಾನು ಕಂಡಿದ್ದೇನೆ. ಲೆಸ್ಸಿಂಗನ ಮಾತು ಆ ಕವನದ ಮಟ್ಟಿಗೆ ನ್ಯಾಯವೆಂದೇ ತೋರುತ್ತದೆ. ಆದರೆ ಅವನು ನೋಡಿದುದು ಹಾಲರನ ಪುಸ್ತಕಗಳಲ್ಲಿ ಒಂದನ್ನು ಮಾತ್ರ. ಬಿಡಿಗಳನ್ನು ಇಡಿಯಾಗಿ ತೋರಿಸುವುದು ಹೇಗೆ ಎಂಬ ಅದೇ ಪ್ರಶ್ನೆಗೆ ಹಾಲರ್ ಬೇರೊಂದು ಕಡೆ, ಲೆಸ್ಸಿಂಗನಿಗೆ ಇಪ್ಪತ್ತು ವರ್ಷ ಮೊದಲೇ, ಉತ್ತರ ಕೊಡಲು ತೊಡಗಿದ್ದನು. ಅದಕ್ಕೆ ಆಮೇಲೆ ಬರುತ್ತೇನೆ.

ಬೆರ್ನಿಗೆ ಹಿಂದಿರುಗಿ ವೈದ್ಯವೃತ್ತಿಯನ್ನು ಹಿಡಿದನು. ೧೭೩೧ರಲ್ಲಿ ಮೇರಿಯಾನ ಎಂಬ ಕನ್ಯೆಯನ್ನು ಪ್ರೀತಿಸಿ ಮದುವೆಯಾದನು. ಹುಟ್ಟೂರು ಈತನಿಗೆ ತಕ್ಕ ಹುದ್ದೆಯನ್ನು ಕೊಡಲಿಲ್ಲ. ಆಸ್ಪತ್ರೆಯ ವೈದ್ಯನ ಸ್ಥಾನ ಕೈತಪ್ಪಿತು. ನಗರದ ಪುಸ್ತಕಭಂಡಾರದ ಅಧಿಕಾರ ಮಾತ್ರ ದೊರೆಯಿತು. ಆಗ ಹ್ಯಾನೋವರಿಗೂ ಇಂಗ್ಲೆಂಡಿಗೂ ದೊರೆಯಾಗಿದ್ದ ಎರಡನೆಯ ಜಾರ್ಜ್ ಗ್ಯೋಟಿಂಗನ್ನಿನಲ್ಲಿ ಹೊಸ ವಿಶ್ವವಿದ್ಯಾನಿಲಯವನ್ನು ಕಟ್ಟಿಸುತ್ತಿದ್ದನು. ಅಂಗರಚನೆ, ಶಸ್ತ್ರವೈದ್ಯ, ಸಸ್ಯಶಾಸ್ತ್ರಗಳಿಗೆ ಪ್ರಾಧ್ಯಾಪಕನಾಗಿ ಬರಬೇಕೆಂದು ಅಲ್ಲಿಂದ ಕರೆ ಬಂತು. ೧೭೩೬ರ ಶರತ್ಕಾಲದಲ್ಲಿ ಹೆಂಡತಿ ಮಕ್ಕಳೊಡನೆ ಹೊರಟನು. ಬಹುದೂರದ ಪ್ರಯಾಣ ಸುಖವಾಗಿಯೇ ಸಾಗಿ, ಗ್ಯೋಟಿಂಗನ್ನನ್ನು ಸೇರುವಾಗ, ಅಲ್ಲಿಯ ಕೆಟ್ಟ ಬೀದಿಯಲ್ಲಿ ಗಾಡಿ ಮಗುಚಿತು. ಮೇರಿಯಾನಳಿಗೆ ಪೆಟ್ಟಾಯಿತು. ಒಂದು ತಿಂಗಳಲ್ಲಿ ಅವಳು ತೀರಿಕೊಂಡಳು. ಯೂರೋಪಿನ ಒಳ್ಳೆಯ ವೈದ್ಯರಲ್ಲಿ ಒಬ್ಬನಾದ ಗಂಡ ಪಕ್ಕದಲ್ಲಿದ್ದೂ ಏನನ್ನೂ ಮಾಡಲಾರದೆ ಹೋದನು.

ಆ ದುಃಖದಲ್ಲಿ ಬರೆದ ಶೋಕಗೀತೆಯನ್ನು ಅವನ ಕವನಗಳಲ್ಲಿ ನಾನು ಎಲ್ಲಕ್ಕಿಂತ ಮೇಲೆ ಇಡುತ್ತೇನೆ. ಇಲ್ಲಿ ಎಣಿಕೆಯಿಲ್ಲ, ಅಡಿಟಿಪ್ಪಣಿಯಿಲ್ಲ. ಪರದೇಶದಲ್ಲಿ ಒಂಟಿಯಾದ ಮನುಷ್ಯನೊಬ್ಬ ಸತ್ತವಳೊಡನೆ ಮಾತನಾಡುತ್ತಾನೆ, ಅಷ್ಟೆ. ಅದೇ ವರ್ಷ ಗೆಳೆಯನೊಬ್ಬನ ಸಾವು ಅವನಿಂದ ಅನಂತತೆಯನ್ನು ಕುರಿತ ಕವನವೊಂದನ್ನು ಬರೆಯಿಸಿತ್ತು. ಅದು ಮುಗಿಯಲೇ ಇಲ್ಲ. ಮುಗಿಯದ ಆ ಕವನವನ್ನು ತತ್ತ್ವಜ್ಞಾನಿ ಕಾಂಟ್ ಬಹಳವಾಗಿ ಮೆಚ್ಚಿಕೊಂಡು ತನ್ನ ೧೭೫೫ರ ವಿಶ್ವರಚನೆಯ ಗ್ರಂಥದಲ್ಲಿ ನೆನೆದಿದ್ದಾನೆ. ಆಮೇಲೆ ಕಾವ್ಯದ ಒರತೆ ಬತ್ತಿತೆಂದೇ ಹೇಳಬೇಕು. ಹಾಲರ್ ಮತ್ತೆ ಎರಡು ಸಲ ಮದುವೆಯಾದನು. ಎರಡನೆಯವಳು ಒಂದು ವರ್ಷವೂ ಬಾಳಲಿಲ್ಲ. ಮೂರನೆಯವಳು ಯೇನಾ ನಗರದ ವೈದ್ಯಪ್ರಾಧ್ಯಾಪಕನೊಬ್ಬನ ಮಗಳು, ಕೊನೆಯವರೆಗೂ ಜೊತೆಗಿದ್ದಳು.

ಗ್ಯೋಟಿಂಗನ್ನಿನ ಹದಿನೇಳು ವರ್ಷಗಳಲ್ಲಿ ಮಾಡಿದ ಕೆಲಸವನ್ನು ಪಟ್ಟಿಮಾಡಹೊರಟರೆ ಲೇಖನವೆಲ್ಲ ಪಟ್ಟಿಯಾದೀತು. ಸಸ್ಯೋದ್ಯಾನ, ಅಂಗರಚನೆಯ ರಂಗಶಾಲೆ, ವಿದ್ವತ್ಪರಿಷತ್ತು ಎಲ್ಲಕ್ಕೂ ಅವನ ಕೈ ತಗಲಿತು. ಅಲ್ಲಿಯ ವಿಮರ್ಶಾಪತ್ರಿಕೆಗೆ ಜೀವಮಾನದಲ್ಲಿ ಬರೆದ ಪುಸ್ತಕವಿಮರ್ಶೆಗಳು ಸುಮಾರು ಒಂಬತ್ತು ಸಾವಿರ. ಊಟಮಾಡುತ್ತಲೂ ನಡೆಯುತ್ತಲೂ ಓದುತ್ತಿದ್ದನೆಂಬ ಪ್ರತೀತಿಯನ್ನು ಈ ಸಂಖ್ಯೆಯನ್ನು ನೋಡಿದ ಮೇಲೆ ಅಲ್ಲಗಳೆಯುವಂತಿಲ್ಲ. ಶಿಷ್ಯರಲ್ಲಿ ತ್ಸಿನ್ ಎಂಬ ತರುಣನೊಬ್ಬನಿದ್ದನು. ಕಣ್ಣಿನ ರಚನೆಯನ್ನು ಕುರಿತು ೧೭೫೫ರಲ್ಲಿ ಉತ್ತಮ ಗ್ರಂಥವನ್ನು ಬರೆದು ಮೂವತ್ತೆರಡು ತುಂಬುವುದಕ್ಕೆ ಮೊದಲೇ ಸತ್ತನು. ನಮ್ಮ ತೋಟಗಳಲ್ಲಿ ಬಣ್ಣಬಣ್ಣವಾಗಿ ಅರಳುವ ಜಿನಿಯಾ ಹೂವಿಗೆ ಲಿನೇಯಸ್ ಇಟ್ಟುದು ಆ ಶಿಷ್ಯನ ಹೆಸರನ್ನು.

ಇನ್ನು ಧಮನಿಯ ವಿಷಯ. ರಕ್ತವು ಹೃದಯದಿಂದ ಹೊರಟು ಸುತ್ತಿ ಮತ್ತೆ ಹೃದಯಕ್ಕೆ ಬರುತ್ತದೆಂದು ಹಾರ್ವೆ ೧೬೨೮ರಲ್ಲಿಯೇ ತೋರಿಸಿದ್ದನು. ಸುತ್ತುತ್ತದೆ ಎಂಬುದು ತಿಳಿದಿದ್ದಿತೇ ಹೊರತು ಯಾವ ಯಾವ ಓಣಿಗಳಲ್ಲಿ ಸುತ್ತುತ್ತದೆ ಎಂಬುದರ ಭೂಪಟ ಸರಿಯಾಗಿರಲಿಲ್ಲ. ಹಾಲರ್ ಆ ಭೂಪಟಕ್ಕೆ ಕೈಹಾಕಿದನು. ಶವದ ಧಮನಿಗಳಿಗೆ ಬಣ್ಣ ಬೆರೆಸಿದ ಮೇಣದ ಪಾಕವನ್ನು ತುಂಬಿಸಿ, ಅದು ಗಟ್ಟಿಯಾದ ಮೇಲೆ ಸುತ್ತಣ ಮಾಂಸವನ್ನು ಮೆಲ್ಲಗೆ ಬಿಡಿಸುತ್ತಾ ಬಂದರೆ ಕೂದಲೆಳೆಯಂತಹ ಕವಲುಗಳೂ ಕಣ್ಣಿಗೆ ಕಾಣುತ್ತವೆ. ಇಂತಹ ಕೆಲಸಕ್ಕೆ ಚಳಿಗಾಲವೇ ಹಿತ, ಶವ ಬೇಗ ಕೆಡುವುದಿಲ್ಲ.

ಹೊಟ್ಟೆಯೊಳಗೆ ಕಾಣುವುದು ಹೀಗೆ. ಹೃದಯದಿಂದ ಇಳಿದು ಬಂದ ಮಹಾಧಮನಿ ವಪೆಯ ಹಿಂಭಾಗದ ಸಂದಿನಲ್ಲಿ ತೂರಿ ಉದರವನ್ನು ಹೊಗುತ್ತದೆ. ಹೊಕ್ಕ ಕೂಡಲೇ ಅದರ ಮುಂಭಾಗದಿಂದ ಮೋಟುಕಾಂಡವೊಂದು ಹೊರಡುತ್ತದೆ. ಉದ್ದ ಒಂದರಿಂದ ಎರಡು ಸೆಂಟಿಮೀಟರ್, ಕಿರುಬೆರಳಿನ ತುದಿಗೆಣ್ಣಿಗಿಂತ ಹೆಚ್ಚಿಲ್ಲ. ಅಷ್ಟರಲ್ಲಿಯೇ ಅದು ಮೂರಾಗಿ ಒಡೆದು ಒಂದು ಕವಲು ಜಠರಕ್ಕೆ, ಒಂದು ಎಡಗಡೆಯ ಗುಲ್ಮಕ್ಕೆ, ಒಂದು ಬಲಗಡೆಯ ಯಕೃತ್ತಿಗೆ ಹೋಗುತ್ತವೆ. ಮೂರು ಕಾಲುಗಳ ಮಣೆಯನ್ನು ತಲೆಕೆಳಗು ಮಾಡಿದ ಹಾಗೆ. ಮುಕ್ಕಾಲಿ ಎಂಬ ಹೆಸರು ಹೀಗೆ ಬಂತು. ಗ್ರೀಕರಲ್ಲಿ ಕಾವ್ಯಕ್ಕೂ ವೈದ್ಯಕ್ಕೂ ಅಪೋಲೊ ಒಬ್ಬನೇ ದೇವತೆ. ಡೆಲ್ಫಿಯಲ್ಲಿ ಅವನ ವಾಣಿಯನ್ನು ನುಡಿಯುವ ಪೂಜಾರಿಣಿ ಕುಳಿತುಕೊಳ್ಳುತ್ತಿದ್ದುದು ಮುಕ್ಕಾಲಿಯ ಮೇಲೆ. ಹೆಸರಿಟ್ಟವರು ಇದನ್ನು ನೆನೆದಿದ್ದರೆಂದು ನಾನು ಹೇಳುವುದಿಲ್ಲ. ನನಗೆ ನೆನಪಾಯಿತು.

ಜಠರವು ಬಾಗಿದ ಚೀಲ. ಅದಕ್ಕೆ ಒಳಬದಿಯಲ್ಲಿ ಗಿಡ್ಡವಾದ ಅಂಚು, ಹೊರಬದಿಯಲ್ಲಿ ನೀಳವಾದ ಅಂಚು. ಮೂರು ಕವಲುಗಳಲ್ಲಿ ಸಣ್ಣದಾದ ಎಡ ಜಠರಧಮನಿ ಮೊದಲು ಮೇಲಕ್ಕೂ ಎಡಕ್ಕೂ ಏರಿ, ಅನ್ನನಾಳವು ಜಠರವನ್ನು ಕೂಡುವ ಬಾಗಿಲನ್ನು ಮುಟ್ಟಿ, ಅನ್ನನಾಳಕ್ಕೂ ತನ್ನ ಪಾಲನ್ನು ಕೊಟ್ಟು, ಅಲ್ಲಿಂದ ತಿರುಗಿ ಒಳ ಅಂಚನ್ನು ಹಿಡಿದು ಕೆಳಗಿಳಿಯುತ್ತದೆ. ಯಕೃತ್ತಿನ ಕಡೆಯಿಂದ ಹುಟ್ಟಿದ ಬಲ ಜಠರಧಮನಿ ಅದೇ ಅಂಚಿನಲ್ಲಿ ಕೆಳಗಿನಿಂದ ಏರಿ ಬರುತ್ತದೆ. ನಡುದಾರಿಯಲ್ಲಿ ಎರಡೂ ಒಂದಾಗುತ್ತವೆ. ಎಲ್ಲಿ ಒಂದು ಮುಗಿಯಿತು, ಎಲ್ಲಿ ಇನ್ನೊಂದು ತೊಡಗಿತು ಎಂದು ಹೇಳುವುದು ಕಷ್ಟ. ಗುಲ್ಮಕ್ಕೆ ಹೋಗುವ ಕವಲು ಮೂರರಲ್ಲಿ ದಪ್ಪನಾದುದು. ಮೇದೋಜೀರಕದ ಮೇಲಂಚಿನಲ್ಲಿ ಹಾವಿನಂತೆ ಡೊಂಕುಡೊಂಕಾಗಿ ಸಾಗಿ, ಗುಲ್ಮವನ್ನು ಸೇರುವ ಮೊದಲು ಜಠರದ ಗುಮ್ಮಟಕ್ಕೆ ಕೆಲವು ಗಿಡ್ಡ ಕವಲುಗಳನ್ನೂ ಹೊರ ಅಂಚಿಗೆ ಒಂದು ನೀಳವಾದ ಕವಲನ್ನೂ ಕೊಡುತ್ತದೆ. ಬಲಗಡೆಯಿಂದ, ಮುಂಗರುಳಿನ ಹಿಂದೆ ಇಳಿದ ಧಮನಿಯೊಂದರ ಕವಲು ಹೊರ ಅಂಚಿನಲ್ಲಿಯೇ ಬಂದು ಅದನ್ನು ಎದುರುಗೊಳ್ಳುತ್ತದೆ. ಹೀಗೆ ಜಠರದ ಎರಡು ಅಂಚುಗಳಿಗೂ ಎರಡು ಮಾಲೆಗಳು. ಒಂದೇ ಮೋಟುಕಾಂಡದ ಮೂರು ಕವಲುಗಳು ಬೇರೆ ಬೇರೆ ದಿಕ್ಕಿಗೆ ಹೋದಂತೆ ತೋರಿ, ಕೊನೆಗೆ ಜಠರದ ಸುತ್ತ ಕೈಕೈ ಹಿಡಿದು ನಿಲ್ಲುತ್ತವೆ.

ಈಗ ನಾನು ಮಾಡಿದುದನ್ನೇ ನೋಡಿ. ಒಂದಾದ ಮೇಲೊಂದು ಧಮನಿಯನ್ನು ಹೇಳುತ್ತಾ ಬಂದೆ. ಮೊದಲು ಹೇಳಿದ ಕವಲು ಎತ್ತ ಹೋಯಿತೆಂಬುದು ಓದುಗರಲ್ಲಿ ಎಷ್ಟು ಮಂದಿಯ ಮನಸ್ಸಿನಲ್ಲಿ ಉಳಿದಿದೆಯೋ ಕಾಣೆ. ಲೆಸ್ಸಿಂಗನ ಆಕ್ಷೇಪ ಇದೇ ಅಲ್ಲವೆ? ಹಾಲರ್ ಇದನ್ನು ತನ್ನ ಕಸುಬಿನಲ್ಲಿಯೇ ಅರಿತುಕೊಂಡಿದ್ದನು. ೧೭೪೩ರಿಂದ ೧೭೫೬ರವರೆಗೆ ಎಂಟು ಭಾಗಗಳಲ್ಲಿ ಅಚ್ಚಾದ ಅವನ ಅಂಗರಚನೆಯ ಚಿತ್ರಸಂಪುಟದಲ್ಲಿ ದೇಹದ ಧಮನಿಗಳೆಲ್ಲ ನಿಜವಾದ ಅಳತೆಯ ಸಂಬಂಧಗಳೊಡನೆ, ಸುತ್ತಣ ಅಂಗಗಳೊಡನೆ ಕೂಡಿಯೇ ಕಾಣುತ್ತವೆ. ಮರ, ಮೋಡ, ಪಾಳುಗೋಡೆಗಳ ಮುಂದೆ ಅಸ್ಥಿಪಂಜರವನ್ನು ನಿಲ್ಲಿಸಿ ಅಲಂಕರಿಸುವ ಆ ಕಾಲದ ಶೋಕಿ ಇವುಗಳಲ್ಲಿಲ್ಲ. ಧಮನಿ ಇದೆ, ಅದು ಉಣಿಸುವ ಅಂಗ ಇದೆ, ಅಷ್ಟೆ. ಪಕ್ಕದಲ್ಲಿ ಲ್ಯಾಟಿನ್ ಟಿಪ್ಪಣಿ. ವೈದ್ಯಮಿತ್ರರೊಬ್ಬರು ಈ ಪಟಗಳ ಪ್ರತಿಯೊಂದನ್ನು ನನ್ನ ಮುಂದೆ ಹರಡಿದಾಗ ನನಗೆ ಆಲ್ಪ್ಸ್ ಕವನದ ಹೂವಿನ ಪದ್ಯಗಳೇ ಕಣ್ಮುಂದೆ ಬಂದುವು. ಅದೇ ಹುಚ್ಚು ನಿಷ್ಠೆ, ಒಂದು ಎಳೆಯನ್ನೂ ಬಿಡಲಾರದ ಅದೇ ಕಣ್ಣು. ಅಲ್ಲಿ ಭಾರವಾದುದು ಇಲ್ಲಿ ಹಗುರಾಗಿತ್ತು. ಹಾಲರನೊಳಗಿನ ಕವಿ ಮೇರಿಯಾನಳ ಗೋರಿಯ ಬಳಿ ಸತ್ತನೆಂದು ಸಾಹಿತ್ಯಚರಿತ್ರೆಗಳು ಬರೆಯುತ್ತವೆ. ಅವನು ತನಗೆ ಒಗ್ಗುವ ಮಾಧ್ಯಮವನ್ನು ಕಂಡುಕೊಂಡನೆಂದು ನನ್ನ ಎಣಿಕೆ. ಇದು ಮೇಷ್ಟರ ಊಹೆ ಎಂದು ವೈದ್ಯರು ನಕ್ಕರೆ ನಗಲಿ.

ಟಿಪ್ಪಣಿಗಳಲ್ಲಿ ಇನ್ನೊಂದು ಗುಣವುಂಟು. ಈ ಕವಲು ಒಂದು ದೇಹದಲ್ಲಿ ಹೀಗಿದ್ದಿತು, ಮತ್ತೊಂದರಲ್ಲಿ ಹಾಗಿದ್ದಿತು ಎಂದು ಬಿಡದೆ ಗುರುತು ಹಾಕುತ್ತಾನೆ. ಒಂದು ಶವವನ್ನು ನೋಡಿ ಮನುಷ್ಯಜಾತಿಗೆಲ್ಲ ಶಾಸ್ತ್ರ ಹೇಳುವವನಲ್ಲ. ನೂರಾರು ದೇಹಗಳನ್ನು ಕೊಯ್ದು ಹೋಲಿಸಿದವನು. ಇಂದಿನ ಲೆಕ್ಕದ ಪ್ರಕಾರ ಹತ್ತು ಜನರಲ್ಲಿ ಸುಮಾರು ಒಂಬತ್ತು ಮಂದಿಗೆ ಮುಕ್ಕಾಲಿ ಮೂರು ಕಾಲಿನದಾಗಿಯೇ ಇರುತ್ತದೆ. ಉಳಿದವರಲ್ಲಿ ಒಂದು ಕಾಲು ಬೇರೆಲ್ಲಿಂದಲೋ ಹುಟ್ಟಿರುತ್ತದೆ, ಅಥವಾ ನಾಲ್ಕನೆಯದೊಂದು ಸೇರಿರುತ್ತದೆ. ಆ ನೂರಾರು ದೇಹಗಳಾದರೂ ಯಾರವು? ಗಲ್ಲಿಗೇರಿದವರು, ದಿಕ್ಕಿಲ್ಲದ ಬಡವರು, ಹೂಳುವುದಕ್ಕೆ ನೆಂಟರಿಲ್ಲದವರು. ಧಮನಿಗೆ ಹಾಲರನ ಹೆಸರು ಉಳಿಯಿತು. ಅದನ್ನು ತಮ್ಮ ಒಡಲಲ್ಲಿ ಹೊತ್ತು ತಂದವರ ಹೆಸರನ್ನು ಯಾರೂ ಬರೆದಿಡಲಿಲ್ಲ.

ಜಠರದ ಹುಣ್ಣು ಒಳ ಅಂಚಿನ ಕಡೆ ಆಳವಾಗಿ ಕೊರೆದು ಎಡ ಜಠರಧಮನಿಯನ್ನು ಮುಟ್ಟಿದರೆ ರೋಗಿ ರಕ್ತವನ್ನು ಕಾರುತ್ತಾನೆ. ಮುಂಗರುಳಿನ ಹಿಂಬದಿಯ ಹುಣ್ಣಾದರೆ ಅಲ್ಲಿ ಇಳಿಯುವ ಧಮನಿಗೆ ಅಪಾಯ. ಎಲ್ಲಿ ಕಟ್ಟುಹಾಕಬೇಕೆಂಬುದನ್ನು ಶಸ್ತ್ರವೈದ್ಯನಿಗೆ ಹೇಳುವುದು ಈ ಭೂಪಟವೇ. ಕೈಕೈ ಹಿಡಿದ ಆ ಮಾಲೆಗಳ ಬೆಲೆ ತಿಳಿಯುವುದೂ ಆಗಲೇ. ಒಂದು ಧಮನಿಯನ್ನು ಕಟ್ಟಿದರೆ ಉಳಿದವು ಜಠರವನ್ನು ಬದುಕಿಸಿಕೊಳ್ಳುತ್ತವೆ. ಅನ್ನನಾಳದಲ್ಲಿ ಏಡಿಗಂತಿಯಾದಾಗ ಅದನ್ನು ಕತ್ತರಿಸಿ ತೆಗೆದು, ಜಠರವನ್ನೇ ಕೊಳವೆಯಂತೆ ಹೊಲಿದು ಎದೆಗೋ ಕೊರಳಿಗೋ ಏರಿಸಿ ಕೂಡಿಸುವ ಚಿಕಿತ್ಸೆ ಇಂದು ನಡೆಯುತ್ತಿದೆ. ಆಗ ಎಡ ಜಠರಧಮನಿಯನ್ನು ಕತ್ತರಿಸಲೇಬೇಕು. ಹೊರ ಅಂಚಿನ ಬಲಮಾಲೆಯೊಂದೇ ಹೆಚ್ಚುಕಡಮೆ ಇಡ್ಡಿಯ ಕೊಳವೆಯನ್ನು ಸಾಕುತ್ತದೆ. ಶಸ್ತ್ರಚಿಕಿತ್ಸೆಗೆ ಅರಿವಳಿಕೆಯೇ ಇಲ್ಲದ ಕಾಲದಲ್ಲಿ, ಹೊಟ್ಟೆಯನ್ನು ತೆರೆದರೆ ಸಾವೇ ಎಂದಿದ್ದ ಕಾಲದಲ್ಲಿ, ಯಾವ ಲಾಭವನ್ನೂ ಕಾಣದೆ ಹಾಲರ್ ಈ ಎಳೆಗಳನ್ನು ಬಿಡಿಸುತ್ತಾ ಕುಳಿತಿದ್ದನು.

ಸತ್ತ ದೇಹದಿಂದ ಅವನ ದೃಷ್ಟಿ ಬದುಕಿದ ದೇಹಕ್ಕೆ ತಿರುಗಿತು. ೧೭೫೨ರಲ್ಲಿ ಗ್ಯೋಟಿಂಗನ್ನಿನ ಪರಿಷತ್ತಿನ ಮುಂದೆ ಓದಿದ ಪ್ರಬಂಧ ಅವನ ಕೀರ್ತಿಗೆ ಕಳಶವಿಟ್ಟಿತು. ಮುಟ್ಟಿದರೆ ತಾನಾಗಿ ಮುದುಡಿಕೊಳ್ಳುವ ಶಕ್ತಿ ಸ್ನಾಯುವಿನದು, ನೋವನ್ನು ಅರಿಯುವ ಶಕ್ತಿ ನರದ್ದು, ಇವೆರಡೂ ಬೇರೆ ಬೇರೆ ಎಂದು ಅವನು ಪ್ರಯೋಗಗಳಿಂದ ಸ್ಥಾಪಿಸಿದನು. ಹೊರಕ್ಕೆ ತೆಗೆದ ಕರುಳು ಮಿಡುಕುವುದು ಇದರಿಂದಲೇ. ಆದರೆ ಇದನ್ನು ಅರಿಯುವುದಕ್ಕಾಗಿ ೧೭೫೧ರಿಂದೀಚೆಗೆ ನೂರ ತೊಂಬತ್ತು ಪ್ರಾಣಿಗಳನ್ನು ಜೀವಸಹಿತ ಕೊಯ್ಯಬೇಕಾಯಿತು. ಆ ಸಂಖ್ಯೆಯನ್ನು ಅವನೇ ಪ್ರಬಂಧದ ಮೊದಲಲ್ಲಿ ಒಪ್ಪಿಕೊಂಡು, ಇಂತಹ ಕ್ರೌರ್ಯಕ್ಕೆ ತನ್ನ ಮನಸ್ಸು ಒಗ್ಗದೆಂದೂ ಮನುಷ್ಯರ ಹಿತವನ್ನು ನೆನೆದು ಸಹಿಸಿದೆನೆಂದೂ ಹೇಳಿಕೊಂಡಿದ್ದಾನೆ. ಆ ಸಮಾಧಾನ ಅವನಿಗೆ ಸಾಕಾಯಿತೆಂದು ನನಗೆ ತೋರುವುದಿಲ್ಲ. ದೃಢವಾದ ದೈವಭಕ್ತನಾದ ಈತನನ್ನು ಇನ್ನೊಂದು ಏಟು ಮೊದಲೇ ಕಾಡುತ್ತಿತ್ತು. ಮನುಷ್ಯನು ಬರಿಯ ಯಂತ್ರ, ಆತ್ಮವೆಂಬುದಿಲ್ಲ ಎಂದು ಸಾಧಿಸುವ ಪುಸ್ತಕವನ್ನು ೧೭೪೭ರಲ್ಲಿ ಹೊರಡಿಸಿದ ಲಾ ಮೆತ್ರಿ ಎಂಬ ಫ್ರೆಂಚ್ ವೈದ್ಯನು ಕುಚೋದ್ಯಕ್ಕಾಗಿ ಅದನ್ನು ಹಾಲರನಿಗೇ ಅರ್ಪಿಸಿದ್ದನು. ಹಾಲರ್ ಕೆರಳಿ ಪ್ರತಿಭಟಿಸಿದನು. ಲಾ ಮೆತ್ರಿ ಇನ್ನಷ್ಟು ಅಣಕಿಸಿದನು. ಆತ್ಮದ ನೆರವಿಲ್ಲದೆ ಮಿಡುಕುವ ಕರುಳನ್ನು ಜಗತ್ತಿಗೆ ತೋರಿಸಿದವನೇ ಆತ್ಮವಾದಿ, ಈ ಇಕ್ಕಟ್ಟಿನಿಂದ ಅವನು ಎಂದೂ ಪೂರ್ತಿಯಾಗಿ ಪಾರಾಗಲಿಲ್ಲ. ಮರಣದ ಹತ್ತು ವರ್ಷಗಳ ತರುವಾಯ ಅಚ್ಚಾದ ದಿನಚರಿಯಲ್ಲಿ ತನ್ನ ಭಕ್ತಿ ಸಾಲದೆಂದೂ ವಿದ್ಯೆಯ ಹೆಮ್ಮೆ ತನ್ನನ್ನು ದೇವರಿಂದ ದೂರಮಾಡಿತೆಂದೂ ಹಂಬಲಿಸುವ ಮನುಷ್ಯ ಕಾಣುತ್ತಾನೆ.

೧೭೫೩ರಲ್ಲಿ, ಐರೋಪ್ಯ ಖ್ಯಾತಿಯ ನಡುಹಗಲಿನಲ್ಲಿ, ಎಲ್ಲವನ್ನೂ ಬಿಟ್ಟು ಬೆರ್ನಿಗೆ ಹಿಂದಿರುಗಿದನು. ಊರಿನ ಹಂಬಲವೇ ಕಾರಣ. ದೊರೆತುದು ನಗರಸಭಾಭವನದ ಮೇಲ್ವಿಚಾರಣೆ, ಅದೂ ಚೀಟಿ ಎತ್ತಿ. ಬರ್ಲಿನ್ನಿನಿಂದ ಹಿಂದೆಯೇ ಕರೆ ಬಂದಿದ್ದಿತು, ಗ್ಯೋಟಿಂಗನ್ನಿನಿಂದ ಮತ್ತೆ ಬಂದಿತು, ಹೋಗಲಿಲ್ಲ. ಊರಿನ ಒಳಸಭೆಯ ಸದಸ್ಯನಾಗಬೇಕೆಂದು ಮತ್ತೆ ಮತ್ತೆ ಯತ್ನಿಸಿ ಮತ್ತೆ ಮತ್ತೆ ಸೋತನು. ೧೭೫೮ರಿಂದ ಆರು ವರ್ಷ ರೋಶ್ ಎಂಬ ಹಳ್ಳಿಯಲ್ಲಿ ಉಪ್ಪಿನ ಕಾರ್ಖಾನೆಗಳ ಅಧಿಕಾರಿಯಾಗಿದ್ದನು. ಶರೀರಕ್ರಿಯೆಯನ್ನು ಕುರಿತ ಎಂಟು ಸಂಪುಟಗಳ ಮಹಾಗ್ರಂಥ, ೧೭೫೭ರಿಂದ ೧೭೬೬ರವರೆಗೆ, ಹೊರಬಂದುದು ಈ ಉಪ್ಪಿನ ಲೆಕ್ಕಾಚಾರದ ನಡುವೆ. ಮುಪ್ಪಿನಲ್ಲಿ ರಾಜನೀತಿಯನ್ನು ಕುರಿತು ಮೂರು ಕಾದಂಬರಿಗಳನ್ನು ಬರೆದನು. ಅವನ್ನು ಈಗ ಯಾರೂ ಓದುವುದಿಲ್ಲ, ಓದಬೇಕೆಂದು ನಾನೂ ಹೇಳಲಾರೆ. ಆದರೆ ಅವನಿಗೆ ಬಂದ ಮತ್ತು ಅವನು ಬರೆದ ಪತ್ರಗಳು ಉಳಿದಿರುವುವೇ ಸುಮಾರು ಹದಿನೇಳು ಸಾವಿರ. ಹದಿನೆಂಟನೆಯ ಶತಮಾನದ ವಿದ್ವತ್ತಿನ ಸಂಚಾರವನ್ನೆಲ್ಲ ಅವುಗಳಲ್ಲಿ ಕಾಣಬಹುದು.

ಕೊನೆಯ ವರ್ಷಗಳಲ್ಲಿ ಮೂತ್ರಾಶಯದ ಬೇನೆ ಹಿಂಸಿಸಿತು. ನೋವನ್ನು ತಡೆಯಲು ಅಫೀಮನ್ನು ಹಿಡಿದನು, ಅದು ಅವನನ್ನು ಹಿಡಿಯಿತು. ಪ್ರಮಾಣ ಏರುತ್ತಾ ಹೋದುದನ್ನೂ ನಾಡಿಯ ಮೇಲೆ ಅದರ ಪರಿಣಾಮವನ್ನೂ ತಾನೇ ಬರೆದಿಟ್ಟುಕೊಂಡು ಗ್ಯೋಟಿಂಗನ್ನಿನ ಪರಿಷತ್ತಿಗೆ ವರದಿಯಾಗಿ ಕಳುಹಿಸಿದನು. ೧೭೭೭ರ ಬೇಸಗೆಯಲ್ಲಿ ಚಕ್ರವರ್ತಿ ಎರಡನೆಯ ಜೋಸೆಫ್ ಪ್ರವಾಸದ ನಡುವೆ, ವಾಲ್ಟೇರನ ಊರಿನ ಹಾದಿಯಲ್ಲಿ ಹೋಗಿಯೂ ಅವನನ್ನು ನೋಡದೆ ಮುಂದೆ ಸಾಗಿದವನು, ಹಾಲರನ ಮನೆಗೆ ಬಂದು ರೋಗಿಯ ಪಕ್ಕದಲ್ಲಿ ಕುಳಿತು ಮಾತನಾಡಿದನು. ಅದೇ ವರ್ಷ ಡಿಸೆಂಬರ್ ೧೨ರಂದು ಹಾಲರ್ ತೀರಿಕೊಂಡನು. ಕೊನೆಯ ಗಳಿಗೆಯಲ್ಲಿ ತನ್ನ ಮಣಿಕಟ್ಟಿನ ಮೇಲೆ ತಾನೇ ಬೆರಳಿಟ್ಟು ಧಮನಿಯ ಬಡಿತವನ್ನು ಎಣಿಸುತ್ತಿದ್ದು, ಅದು ನಿಂತಿತೆಂದು ಪಕ್ಕದಲ್ಲಿದ್ದ ವೈದ್ಯನಿಗೆ ತಿಳಿಸಿ ಕಣ್ಣು ಮುಚ್ಚಿದನೆಂದು ಹೇಳಿಕೆ.

ಮರುವರ್ಷ ಅವನ ಪುಸ್ತಕಭಂಡಾರವನ್ನು ಚಕ್ರವರ್ತಿ ಕೊಂಡುಕೊಂಡು ಇಟಲಿಯ ಕಡೆಗೆ ಸಾಗಿಸಿದನು. ಅದರ ಬಹುಭಾಗ ಮಿಲಾನ್ ನಗರದಲ್ಲಿದೆ. ಬೆರ್ನಿನ ವಿಶ್ವವಿದ್ಯಾನಿಲಯದ ಮುಂದೆ ೧೯೦೮ರಲ್ಲಿ ಅವನ ಪ್ರತಿಮೆಯನ್ನು ನಿಲ್ಲಿಸಿದರು. ೧೯೭೦ರ ದಶಕದಲ್ಲಿ ಸ್ವಿಟ್ಸರ್ಲೆಂಡಿನ ಐನೂರು ಫ್ರಾಂಕಿನ ನೋಟಿನ ಮೇಲೆ ಅವನ ಮುಖ ಅಚ್ಚಾಯಿತು, ಆ ನೋಟು ಈಗ ಚಲಾವಣೆಯಲ್ಲಿಲ್ಲ. ಪರ್ವತಗಳಲ್ಲಿ ಅಲೆದು ಆರಿಸಿ ಒಣಗಿಸಿ ಹಾಳೆಗೆ ಅಂಟಿಸಿದ ಗಿಡಗಳ ಸಂಗ್ರಹವೂ ಪುಸ್ತಕಗಳೊಡನೆ ಇಟಲಿಗೆ ಹೋಗಿದ್ದಿತು. ೧೭೯೬ರಲ್ಲಿ ನೆಪೋಲಿಯನ್ನನ ಸೈನ್ಯ ಅಲ್ಲಿಗೆ ಬಂದಾಗ ಅದು ಪ್ಯಾರಿಸ್ಸಿನ ಪಾಲಾಯಿತು. ಆ ಹಾಳೆಗಳು ಇಂದಿಗೂ ಅಲ್ಲಿಯ ಪ್ರಕೃತಿಶಾಸ್ತ್ರದ ವಸ್ತುಸಂಗ್ರಹಾಲಯದಲ್ಲಿವೆ.